ಅಂಚಿನ ಅಕ್ಷರ

ಆ ಶಾಲೆಯಲ್ಲಿ ಗಂಟೆ ಹೊಡೆಯುವವಳಿಗೆ ಗಂಟೆಯಕ್ಕ ಎಂದೇ ಹೆಸರು. ಅಪ್ಪ ಅಮ್ಮ ಇಟ್ಟ ಹೆಸರು ಹಾಜರಿ ಪುಸ್ತಕದಲ್ಲಿ ತೆಪ್ಪಗೆ ಕೂತಿತ್ತು. ಕೋಣೆ ಗುಡಿಸುವುದು, ಕರಿಹಲಗೆ ಒರೆಸುವುದು, ಮುಕ್ಕಾಲು ಗಂಟೆಗೊಮ್ಮೆ ಗಂಟೆ ಬಾರಿಸಿ ಸಮಯವನ್ನು ಸ್ಲೇಟಿನ ಮೇಲೆ ಅಕ್ಷರದಲ್ಲಿ ಬರೆದು ದೊಡ್ಡ ಮೇಡಂ ಕೋಣೆಯ ಬಾಗಿಲಿಗೆ ತೂಗುಹಾಕುವುದು, ಇಷ್ಟು ಅವಳ ಕೆಲಸ. ಗಂಟೆಯ ಕಂಬ ಇದ್ದದ್ದು ಜಗಲಿಯ ತುದಿಯಲ್ಲಿ, ಏಳನೇ ಕ್ಲಾಸಿನ ಕಿಟಕಿಗೆ ಅಂಟಿಕೊಂಡು. ಒಂದು ಗಂಟೆಗೂ ಇನ್ನೊಂದಕ್ಕೂ ನಡುವೆ ಅವಳು ಕೂರುತ್ತಿದ್ದ ಸ್ಟೂಲು ಆ ಕಿಟಕಿಯ ಕೆಳಗೇ. ಹದಿನಾರು ವರ್ಷ ಅವಳು ಕರಿಹಲಗೆ ಒರೆಸುವ ಮೊದಲು ಅದರ ಮೇಲಿದ್ದುದನ್ನು ಓದಿಕೊಂಡಳು, ಅಲ್ಲಿ ಕೂತು ಇಂಗ್ಲಿಷ್ ವ್ಯಾಕರಣ ಕೇಳಿದಳು.

ಕೇಳುವುದು ಅವಳಿಗೆ ಹೊಸದಲ್ಲ. ಅವಳ ಅಪ್ಪ ಬೆಳಕು ಹರಿಯುವ ಮೊದಲೇ ಎದ್ದು ಪದ್ಯ ಹೇಳುತ್ತಿದ್ದ ಮನುಷ್ಯ. ಚಾಪೆಯ ಮೇಲೆ ಕಣ್ಣುಮುಚ್ಚಿಕೊಂಡಿದ್ದ ಮಗಳ ಕಿವಿಗೆ ಅರ್ಥಕ್ಕಿಂತ ಮೊದಲು ಪದ್ಯದ ನಡೆ ಬಿದ್ದಿತ್ತು. “ಒಂದಕ್ಷರ ಜಾರಿದ್ರೂ ಪದ್ಯ ಕುಂಟುತ್ತೆ ಮಗಾ. ಕಣ್ಣಿಗೆ ಕಾಣಲ್ಲ, ಕಿವಿಗೆ ಗೊತ್ತಾಗುತ್ತೆ,” ಎನ್ನುತ್ತಿದ್ದ. ಒಳಗೆ ಮಕ್ಕಳು “ಗೋ, ವೆಂಟ್, ಗಾನ್” ಎಂದು ರಾಗ ಎಳೆದರೆ ಹೊರಗೆ ಇವಳ ತುಟಿ ಅಲುಗುತ್ತಿತ್ತು. ಯಾವುದೋ ಮಗು “ದೇ ಗೋಸ್” ಎಂದರೆ ಇವಳ ಹಲ್ಲಿಗೆ ಕಲ್ಲು ಸಿಕ್ಕಿದಂತಾಗುತ್ತಿತ್ತು.

ಗಂಡ ಬಡಗಿ. ಅವನಿಗೆ ಇದೊಂದು ತಮಾಷೆ.

“ಎಷ್ಟೇ ಕಾಲ ನಿನ್ನ ಇಂಗ್ಲಿಷಿನಲ್ಲಿ?”

“ಮೂರು. ಒಂದೊಂದರಲ್ಲಿ ಮತ್ತೆ ನಾಲ್ಕು ನಾಲ್ಕು.”

“ಅಷ್ಟು ಯಾಕೆ ಬೇಕು ಅವರಿಗೆ? ನಮ್ಮನೇಲಿ ಒಂದೇ ಒಂದರಲ್ಲಿ ಸಂಸಾರ ಸಾಗ್ತಾ ಇಲ್ವಾ? ಕಷ್ಟಕಾಲ.”

ಪಾಠ ಹೇಳುತ್ತಿದ್ದವರು ವ್ಯಾಕರಣದ ಮೇಡಂ. ಇಡೀ ಶಾಲೆ ಅವರನ್ನು ಕಂಡರೆ ನಡುಗುತ್ತಿತ್ತು. ಮೂರು ವರ್ಷದ ಹಿಂದೆ, ಮಕ್ಕಳೆಲ್ಲ ಮನೆಗೆ ಹೋದ ಮೇಲೆ, ಗಂಟೆಯಕ್ಕ ಕಸಬರಿಗೆ ಹಿಡಿದು ಒಳಗೆ ಹೋದಾಗ ಮೇಡಂ ನೋಟ್‌ಬುಕ್ಕನ್ನು ಮೂಗಿಗೆ ತಾಗಿಸಿಕೊಂಡು ತಿದ್ದುತ್ತಿದ್ದರು. ಇವಳು ಬೆಂಚಿನ ಕೆಳಗೆ ಗುಡಿಸಿದಳು, ಮೇಜಿನ ಪಕ್ಕ ಗುಡಿಸಿದಳು, ಕೊನೆಗೆ ತಡೆಯಲಾರದೆ ಹೇಳಿದಳು.

“ಮೇಡಂ, ತಪ್ಪಿರೋದು ಮೇಲಿನ ಸಾಲಲ್ಲಿ. ನೀವು ಕೆಳಗಿನದಕ್ಕೆ ಗೀಟು ಹಾಕಿದ್ರಿ.”

ಮೇಡಂ ತಲೆ ಎತ್ತಿದರು. “ನಿಂಗೆ ಹೇಗೆ ಗೊತ್ತು ಅದು ತಪ್ಪು ಅಂತ?”

“ನೀವೇ ಹೇಳಿಕೊಟ್ರಲ್ಲ.”

“ನಿಂಗೆ ನಾನು ಯಾವಾಗ ಹೇಳಿಕೊಟ್ಟೆ?”

“ಹದಿಮೂರು ವರ್ಷದಿಂದ.”

ಮೇಡಂ ನೋಟ್‌ಬುಕ್ಕನ್ನು ಮಡಚಿಟ್ಟು, “ಬಾಗಿಲು ಹಾಕು,” ಎಂದರು.

ಅಂದಿನಿಂದ ಅದು ಇಬ್ಬರ ಗುಟ್ಟಾಯಿತು. ಕಣ್ಣಿನ ನರ ಸೊರಗುತ್ತಿದೆ, ಆಪರೇಷನ್ನಿಂದ ಸರಿಹೋಗುವಂಥದ್ದಲ್ಲ ಎಂದು ಡಾಕ್ಟರು ಹೇಳಿದ್ದರಂತೆ. ನಿವೃತ್ತಿಗೆ ಇನ್ನೂ ಐದು ವರ್ಷ. ಗೊತ್ತಾದರೆ ನಾಳೆಯೇ ಮನೆಗೆ. ಮೊದಮೊದಲು ಗಂಟೆಯಕ್ಕ ತಪ್ಪಿನ ಪಕ್ಕ ಪೆನ್ಸಿಲಿನಲ್ಲಿ ಚುಕ್ಕಿ ಇಡುತ್ತಿದ್ದಳು, ಮೇಡಂ ಅದರ ಮೇಲೆ ಕೆಂಪು ಶಾಯಿ ಎಳೆಯುತ್ತಿದ್ದರು. ವರ್ಷದೊಳಗೆ ಚುಕ್ಕಿಯೂ ಅವರಿಗೆ ಕಾಣದಾಯಿತು. ಕೆಂಪು ಪೆನ್ನು ಇವಳ ಕೈಗೆ ಬಂತು, ಜೊತೆಗೆ ಅಲ್ಮೇರಾದ ಬೀಗದ ಕೈಯೂ. ಇವಳು ಓದುವುದು, ಮೇಡಂ ಕಣ್ಣುಮುಚ್ಚಿ ಕೇಳುವುದು, ಎಲ್ಲಿ ಕುಂಟಿತು ಎಂದು ಇಬ್ಬರೂ ಒಟ್ಟಿಗೆ ಹಿಡಿಯುವುದು. ಒಮ್ಮೊಮ್ಮೆ ಗಂಟೆಯಕ್ಕನೇ ಮೊದಲು ಹಿಡಿಯುತ್ತಿದ್ದಳು. ಆಗ ಮೇಡಂ, “ನೀನು ಕಿಟಕಿಯ ಈಚೆ ಕೂರಬೇಕಾಗಿದ್ದೋಳು ಕಣೇ,” ಎನ್ನುತ್ತಿದ್ದರು. ಆ ಮಾತನ್ನು ಅವಳು ಮನೆಗೆ ಒಯ್ದು ಸೆರಗಿನ ಗಂಟಿನಂತೆ ಆಗಾಗ ಮುಟ್ಟಿ ನೋಡಿಕೊಳ್ಳುತ್ತಿದ್ದಳು. ಸಂಜೆ ಮೇಡಂ ಹೊರಟಾಗ, ಜಗಲಿಯಿಂದ ಅಂಗಳಕ್ಕೆ ಇಳಿಯುವಲ್ಲಿ, ಪಕ್ಕದವರಿಗೂ ಕೇಳದಷ್ಟು ಮೆಲ್ಲಗೆ “ಮೆಟ್ಟಿಲು” ಎನ್ನುವುದೂ ಅವಳ ಕೆಲಸಗಳಲ್ಲಿ ಒಂದಾಯಿತು.

ಆ ವರ್ಷ ಗ್ರಂಥಾಲಯ ನೋಡಿಕೊಳ್ಳುತ್ತಿದ್ದ ಅಜ್ಜ ಕೆಲಸ ಬಿಡುವವರಿದ್ದರು. ಇಂಗ್ಲಿಷ್ ಬಲ್ಲವರು, ನಂಬಿಕೆಯವರು ಬೇಕು, ಯಾರಾದರೂ ಟೀಚರು ಬರೆದುಕೊಟ್ಟರೆ ಸಾಕು ಎಂದು ದೊಡ್ಡ ಮೇಡಂ ಹೇಳಿದ್ದರು. ಗೋಡೆ ತುಂಬ ಪುಸ್ತಕ, ಒಂದು ಮೇಜು, ಒಂದು ಕುರ್ಚಿ. ಗಂಟೆಯಕ್ಕ ಬೇರೆ ಏನನ್ನೂ ದೇವರಲ್ಲಿ ಇಷ್ಟು ಒತ್ತಿ ಕೇಳಿದವಳಲ್ಲ.

“ನಾನು ಬರೆದುಕೊಡ್ತೀನಿ. ಇದು ನಿನ್ನ ಋಣ ನನ್ನ ಮೇಲೆ,” ಎಂದರು ವ್ಯಾಕರಣದ ಮೇಡಂ. ಬರೆಯುವುದೇನು, ಅವರು ಹೇಳಿದರು, ಇವಳೇ ಬರೆದಳು. ತನ್ನ ಹೊಗಳಿಕೆಯನ್ನು ತಾನೇ ಬರೆಯುವಾಗ ಅವಳ ಕಿವಿ ಕೆಂಪಾಗಿತ್ತು. ನಾಲ್ಕನೇ ಸಾಲು, ಈಕೆ ಪೂರ್ತಿ ನಂಬಿಕೆಗೆ ಅರ್ಹಳು ಎಂದಿತ್ತು. ಸಹಿಯೊಂದು ಬಾಕಿ. ಸೋಮವಾರ ಹಾಕುತ್ತೇನೆ ಎಂದರು ಮೇಡಂ.

ಸೋಮವಾರ ಬೆಳಿಗ್ಗೆ ಒಬ್ಬ ಹುಡುಗಿಯ ತಂದೆ ಬಂದ. ಅಚ್ಚುಕೂಟದಲ್ಲಿ ಕರಡು ತಿದ್ದುವವನು. ಜಗಳಕ್ಕೆ ಬಂದವನಲ್ಲ, ಹೊಗಳಲು ಬಂದವನು. ನೋಟ್‌ಬುಕ್ಕನ್ನು ದೊಡ್ಡ ಮೇಡಂ ಮುಂದೆ ಬಿಚ್ಚಿ, “ನಾನೂ ಇದೇ ಕಸುಬಿನವನು. ಇಷ್ಟು ಅಕ್ಕರೆಯಿಂದ ತಿದ್ದಿದ್ದು ನೋಡಿಲ್ಲ. ಮಗಳು ‘ದೇ ಗೋಸ್’ ಅಂತ ಬರೆದಿದ್ದಾಳೆ, ಅಂಚಿನಲ್ಲಿ ನೋಡಿ, ‘ಇಲ್ಲಿ ಇಬ್ಬರು ನಡೆದು ಬರುತ್ತಿದ್ದಾರೆ, ನೀನು ಒಬ್ಬರಿಗೆ ಮಾತ್ರ ಚಪ್ಪಲಿ ಕೊಟ್ಟಿದ್ದೀಯೆ’ ಅಂತ ಬರೆದಿದ್ದಾರೆ. ನನ್ನ ಮಗಳು ಆ ತಪ್ಪನ್ನ ಮತ್ತೆ ಮಾಡಿಲ್ಲ,” ಎಂದ.

ಅವನು ಹೋದ ಮೇಲೂ ದೊಡ್ಡ ಮೇಡಂ ಆ ಪುಟವನ್ನೇ ನೋಡುತ್ತಿದ್ದರು. ನೋಡಿ, ಬಾಗಿಲಲ್ಲಿ ತೂಗುತ್ತಿದ್ದ ಸ್ಲೇಟನ್ನು ನೋಡಿದರು. ಗಂಟೆಯಕ್ಕನನ್ನೂ ವ್ಯಾಕರಣದ ಮೇಡಂರನ್ನೂ ಕರೆಸಿದರು.

“ಈ ದುಂಡು ಅಕ್ಷರ ನಾನು ದಿನಕ್ಕೆ ಎಂಟು ಸಲ ನೋಡ್ತೀನಿ. ಮಕ್ಕಳ ಪುಸ್ತಕದಲ್ಲಿ ಬರೆದೋಳು ನೀನಾ?”

“ನಾನೇ ಮೇಡಂ.”

“ಯಾರು ಹೇಳಿದ್ರು ಬರಿ ಅಂತ?”

ಗಂಟೆಯಕ್ಕ ವ್ಯಾಕರಣದ ಮೇಡಂ ಕಡೆ ನೋಡಿದಳು. ಉತ್ತರ ಅವರದು, ಅವರೇ ಹೇಳಲಿ ಎಂದು ಕಾದಳು. ವ್ಯಾಕರಣದ ಮೇಡಂ ಇವಳತ್ತ ತಿರುಗದೆ ಮಾತಾಡಿದರು.

“ನಂಗಂತೂ ಗೊತ್ತಿಲ್ಲ. ಗುಡಿಸೋಕೆ ಅಂತ ಬೀಗದ ಕೈ ಅವಳ ಹತ್ರ ಇರುತ್ತಲ್ಲ. ಪಾಪ, ಓದು ಅಂದ್ರೆ ಆಸೆ ಅವಳಿಗೆ. ತಿಳೀದೆ ಏನೋ ಮಾಡಿದಾಳೆ. ಈ ಸಲ ಬಿಟ್ಬಿಡಿ.”

ಆ ‘ಪಾಪ’ ಎಂಬುದು ಗಂಟೆಯಕ್ಕನ ಎದೆಯಲ್ಲಿ ಮುಳ್ಳಿನಂತೆ ಮುರಿದು ಒಳಗೇ ಉಳಿಯಿತು. ಬೈದಿದ್ದರೆ ತಡೆದುಕೊಳ್ಳುತ್ತಿದ್ದಳು. ಬಾಯಿ ತೆರೆದಳು. ತೆರೆದರೆ ಮೇಡಂ ಕಣ್ಣಿನ ಗುಟ್ಟು ಬೀಳುತ್ತದೆ. ಮುಚ್ಚಿದಳು.

“ಬೀಗದ ಕೈ ಇಲ್ಲಿಡು,” ಎಂದರು ದೊಡ್ಡ ಮೇಡಂ. “ಇನ್ಮೇಲೆ ಗಂಟೆ, ಅಂಗಳ, ಅಷ್ಟೇ. ಕ್ಲಾಸಿನ ಒಳಗೆ ಕಾಲಿಡಬೇಡ. ಗ್ರಂಥಾಲಯದ ಮಾತು ಮರೆತುಬಿಡು. ಒಂದು ಅಲ್ಮೇರಾ ನಂಬಿ ಕೊಡೋಕಾಗದೋರಿಗೆ ಇಡೀ ಕೋಣೆ ಹೇಗೆ ಕೊಡ್ಲಿ?”

ಮನೆಯಲ್ಲಿ ಕೇಳಿದ ಗಂಡನಿಗೆ ತಮಾಷೆ ಹೊಳೆಯಲಿಲ್ಲ. “ಏಣಿ ಹತ್ತಿದೋರು ಏಣೀನ ಒದೆಯೋದು ಕೇಳಿದ್ದೆ. ಇನ್ನೂ ಮೇಲೆ ನಿಂತಿರೋವಾಗ್ಲೇ ಒದ್ದರಲ್ಲೇ,” ಎಂದು ಉಳಿ ಮಸೆಯುತ್ತ ಕೂತ.

ಹತ್ತು ದಿನ ಕಳೆಯಿತು. ಸ್ಟೂಲನ್ನು ಅವಳು ಕಿಟಕಿಯ ಕೆಳಗಿನಿಂದ ಕಂಬದ ಆಚೆ ಬದಿಗೆ ಸರಿಸಿಕೊಂಡಿದ್ದಳು. ಪಾಠ ಕಿವಿಗೆ ಬೀಳುವುದು ತಪ್ಪಲಿಲ್ಲ, ತುಟಿ ಮಾತ್ರ ಅಲುಗಲಿಲ್ಲ. ಅಲುಗಿದರೆ ಸಂಜೆಯ ಆ “ಮೆಟ್ಟಿಲು” ಎಂಬ ಪಿಸುಮಾತಿಗಷ್ಟೇ.

ಹನ್ನೊಂದನೇ ದಿನ, ಕೊನೆಯ ಗಂಟೆ ಬಾರಿಸಿ ಮಕ್ಕಳು ಗೇಟಿನತ್ತ ಓಡುತ್ತಿದ್ದಾಗ, ವ್ಯಾಕರಣದ ಮೇಡಂ ಗೋಡೆ ಸವರಿಕೊಂಡು ಕಂಬದ ಬಳಿಗೆ ಬಂದರು. ಹೆಗಲಲ್ಲಿ ನೋಟ್‌ಬುಕ್ಕಿನ ಚೀಲ. ಜಗಲಿಯ ಆ ತುದಿಯಲ್ಲಿ, ಎಂದಿನಂತೆ, ದೊಡ್ಡ ಮೇಡಂ ಮಕ್ಕಳು ಹೊರಡುವುದನ್ನು ನೋಡುತ್ತ ನಿಂತಿದ್ದರು.

“ಗಂಟೆಯಕ್ಕ, ಇಲ್ಲಿದೀಯಾ?” ಮೇಡಂ ದನಿ ಇಳಿದಿತ್ತು. “ನಲವತ್ತು ಪುಸ್ತಕ ಇವೆ. ಪರೀಕ್ಷೆ ಹತ್ತಿರ ಬಂತು. ಮನೆಗೆ ತಗೊಂಡು ಹೋಗು, ಯಾರಿಗೂ ತಿಳಿಯಲ್ಲ. ಅಕ್ಷರ ಮಾತ್ರ ಸ್ವಲ್ಪ ಓರೆಯಾಗಿ ಬರಿ.”

ಅವಳು ಚೀಲ ಮುಟ್ಟಲಿಲ್ಲ.

“ಕೋಪ ಇದೆ, ಗೊತ್ತು. ನಾನೇನು ಮಾಡ್ಲಿ ಹೇಳು, ಎರಡೇ ವರ್ಷ ಬಾಕಿ ನಂಗೆ. ಆ ಕಾಗದ ಇದ್ರೆ ತಾ, ಈಗಲೇ ಸಹಿ ಹಾಕ್ತೀನಿ. ಮುಂದೆ ಎಲ್ಲಾದ್ರೂ ಉಪಯೋಗಕ್ಕೆ ಬರುತ್ತೆ.”

“ಅದರ ನಾಲ್ಕನೇ ಸಾಲು ಈಗ ಕುಂಟುತ್ತೆ ಮೇಡಂ,” ಎಂದಳು ಗಂಟೆಯಕ್ಕ. “ನೀವು ನನ್ನ ಒಂದು ಮಾತು ಕೇಳಿದ್ರೆ ಸಾಕಾಗಿತ್ತು. ಇದನ್ನ ನೀನು ಹೊತ್ಕೋ ಅಂದಿದ್ರೆ, ಹೊತ್ಕೊಂಡು ನಾನೇ ಹೇಳ್ತಿದ್ದೆ, ಎಲ್ಲ ನಂದೇ ತಪ್ಪು ಅಂತ. ಕೇಳದೆ ಹೊರಿಸಿದ್ರಿ. ಪಾಪ ಬೇರೆ ಅಂದ್ರಿ.”

ಮೇಡಂ ಚೀಲವನ್ನು ಹೆಗಲ ಮೇಲೆ ಸರಿಮಾಡಿಕೊಂಡು ತಿರುಗಿ ಜಗಲಿಯ ಅಂಚಿಗೆ ಬಂದು ನಿಂತುಬಿಟ್ಟರು. ಬಲಗಾಲು ಒಂದಿಷ್ಟು ಮುಂದೆ ಚಾಚಿ ಗಾಳಿಯನ್ನು ತಡಕಿ ಹಿಂದಕ್ಕೆ ಬಂತು. ಅವರು ಕಾಯುತ್ತಿದ್ದರು. ಮೂರು ವರ್ಷ ಕೇಳಿದ ಆ ಒಂದು ಪದಕ್ಕಾಗಿ, ಕತ್ತನ್ನು ತುಸು ವಾಲಿಸಿಕೊಂಡು.

ಗಂಟೆಯಕ್ಕ ಸುಮ್ಮನೆ ನೋಡಿದಳು. ಬೀಳಲಿ ಎಂಬ ಮಾತು ಒಳಗೆ ಎದ್ದಿತು, ಎದ್ದದ್ದಕ್ಕೆ ಅವಳೇ ನಾಚಿದಳು. ಆದರೆ ಇಷ್ಟು ದಿನ ಪಿಸುಗುಟ್ಟಿದ್ದನ್ನು ಇನ್ನು ಪಿಸುಗುಟ್ಟಲು ಅವಳ ಗಂಟಲು ಒಪ್ಪಲಿಲ್ಲ.

“ಮುಂದೆ ಮೆಟ್ಟಿಲಿದೆ ಮೇಡಂ,” ಎಂದಳು, ಅಂಗಳದಲ್ಲಿ ಯಾರಾದರೂ ಯಾರಿಗಾದರೂ ಹೇಳುವ ದನಿಯಲ್ಲಿ. “ಎರಡಿವೆ. ನಿಧಾನ.”

ಜಗಲಿಯ ಆ ತುದಿಯಲ್ಲಿ ದೊಡ್ಡ ಮೇಡಂ ಮಕ್ಕಳನ್ನು ಬಿಟ್ಟು ಇತ್ತ ತಿರುಗಿದರು. ವ್ಯಾಕರಣದ ಮೇಡಂ ಒಂದು ಕೈಯಲ್ಲಿ ಕಂಬ ಹಿಡಿದು, ಇನ್ನೊಂದು ಕೈಯನ್ನು ಗಾಳಿಯಲ್ಲಿ ಚಾಚಿ, ಮೊದಲನೇ ಮೆಟ್ಟಿಲನ್ನು ಕಾಲಿನಿಂದ ಹುಡುಕುತ್ತಿದ್ದರು. ಗಂಟೆಯಕ್ಕ ಹೋಗಿ ಆ ಕೈ ಹಿಡಿದುಕೊಂಡಳು. ಇಳಿಸಿ, ಬಿಟ್ಟು, ಸ್ಲೇಟಿನ ಮೇಲೆ ಸಮಯ ಬರೆಯಲು ಹಿಂದಿರುಗಿದಳು.