ನಗುವಿಗೆ ಕಾಯುವವನು

ಹತ್ತೊಂಬತ್ತು ವರ್ಷ ಜನರನ್ನು ನಗಿಸಲೆಂದು ರಂಗದ ಮೇಲೆ ಒಟ್ಟೊ ಕ್ಲಿಂಗರನ ಕೆನ್ನೆಗೆ ದಿನಕ್ಕೆರಡು ಸಲ ಬಾರಿಸಿದ ಕೈ ಫಿಲ್ ಡ್ವಾಯರನದು. ಇವತ್ತು ಆ ಕೈಯೇ ಏಳಲು ಹಿಂಜರಿಯುತ್ತಿತ್ತು. ಹಿಂಜರಿಯದೆ ಏನು ಮಾಡೀತು? ಅಮೆರಿಕದ ಫೋರ್ಟ್ ಲೀ ಊರಿನ ಈ ಮೂಕಿ ಸಿನಿಮಾ ಅಂಗಳದಲ್ಲಿ ಎರಡು ಸಲ ಚಿತ್ರ ಕೆಟ್ಟ ಮೇಲೆ ನಿರ್ದೇಶಕ ಹಾಬ್ಸನ್ ಮುಖಕ್ಕೆ ಹೊಡೆದ ಹಾಗೆ ಹೇಳಿಬಿಟ್ಟಿದ್ದ: "ಇನ್ನೊಂದೇ ಸಲ. ಆಗ್ಲಿಲ್ಲ ಅಂದ್ರೆ ಆ ದಪ್ಪನೋನು ಮನೆಗೆ, ನೀನೊಬ್ಬನೇ ಇರು."

ಒಟ್ಟೊನ ತಪ್ಪಾದರೂ ಏನು? ಏಟು ಬಿದ್ದ ಮೇಲೆ ಅಲುಗಾಡದೆ ನಿಂತುಬಿಡುತ್ತಿದ್ದ. ರಂಗದ ಮೇಲಾದರೆ ಜನ ನಕ್ಕು ಮುಗಿಸುವ ತನಕ ಹಾಗೆ ನಿಲ್ಲಲೇಬೇಕು, ಇಲ್ಲದಿದ್ದರೆ ಮುಂದಿನ ಮಾತು ಯಾರ ಕಿವಿಗೂ ಬೀಳುವುದಿಲ್ಲ. ಇಲ್ಲಿ ಜನ ಎಲ್ಲಿದ್ದರು? ಎದುರಿಗಿದ್ದದ್ದು ಒಂದು ಕ್ಯಾಮೆರಾ, ಅದರ ಹಿಡಿ ತಿರುಗಿಸುವ ಎಮಿಲ್. ನಕ್ಕರೆ ಕೈ ತಪ್ಪಿ ಚಿತ್ರ ಕೆಡುತ್ತದೆಂದು ಆರು ವರ್ಷ ಹಲ್ಲು ಕಚ್ಚಿಕೊಂಡೇ ಕಳೆದ ಆಸಾಮಿ ಅವನು.

"ಗರ ಬಡಿದೋನ ಹಾಗೆ ನಿಲ್ತೀಯಲ್ಲಯ್ಯಾ, ಯಾರಿಗೆ ಕಾಯ್ತಿದೀಯ?" ಎಂದು ಹಾಬ್ಸನ್ ಎರಡು ಸಲವೂ ಕಿರುಚಿದ್ದ.

"ನಾನೇನ್ ಮಾಡ್ಲೋ ಫಿಲ್," ಒಟ್ಟೊ ಪಿಸುಗುಟ್ಟಿದ. "ಏಟು ಬಿದ್ರೆ ಕಿವಿ ತಾನಾಗೇ ನಗು ಹುಡುಕತ್ತೆ. ನೀನಿರು, ನಾನು ಹೋಗ್ತೀನಿ."

ಫಿಲ್‌ಗೆ ಮೈಯೆಲ್ಲ ಉರಿಯಿತು. ಕ್ಲಿಂಗರ್ ಇಲ್ಲದ ಡ್ವಾಯರ್ ಅಂದರೆ ಸುಮ್ಮನೆ ಕೈ ಬೀಸುವ ಒಬ್ಬ ಹುಚ್ಚ, ಅಷ್ಟೇ.

"ಬಾಯ್ಮುಚ್ಚೋ! ಹೋದ್ರೆ ಇಬ್ರೂ ಹೋಗೋಣ. ನಗು ಬೇಕಾ ನಿಂಗೆ? ಆ ಎಮಿಲ್‌ನ ಕೇಳು. ಅವನು ಕೊಡೋ ತನಕ ಜಪ್ಪಯ್ಯ ಅಂದ್ರೂ ಅಲ್ಲಾಡ್ಬೇಡ."

ಕ್ಯಾಮೆರಾದ ಹಿಡಿ ಮತ್ತೆ ತಿರುಗತೊಡಗಿತು. ಫಟ್! ಬಿತ್ತು ಏಟು. ಒಟ್ಟೊ ನಿಂತ. ನಿಧಾನವಾಗಿ ಕತ್ತು ತಿರುಗಿಸಿ, ಟೋಪಿ ಸರಿಮಾಡಿಕೊಂಡು, "ನೋಡಿದ್ಯಾಪ್ಪಾ ಇವನ ಕೆಲಸಾನ?" ಅನ್ನುವ ಹಾಗೆ ಎಮಿಲ್‌ನ ಕಡೆ ನೋಡಿದ. ಬೈಯಲು ಹಾಬ್ಸನ್ ಬಾಯಿ ತೆರೆದ. ಅಷ್ಟರಲ್ಲಿ ಎಮಿಲ್‌ನ ಮೂಗಿನಿಂದ ಪುಸಕ್ಕೆಂದು ಸದ್ದು ಬಂತು, ಭುಜ ಕುಣಿಯಿತು, ಹಿಡಿ ನಿಂತೇಹೋಯಿತು. ಹೊಟ್ಟೆ ಹಿಡಿದುಕೊಂಡು ನೆಲಕ್ಕೆ ಕೂತುಬಿಟ್ಟ ಪುಣ್ಯಾತ್ಮ!

ಚಿತ್ರ ಮೂರನೇ ಸಲವೂ ಕೆಟ್ಟಿತು. ಹಾಬ್ಸನ್ ಎಮಿಲ್‌ನನ್ನೇ ದಿಟ್ಟಿಸಿದ. ಇವನಿಗೂ ಹಲ್ಲುಗಳಿವೆ ಎಂದು ಅವನಿಗೆ ಈಗಲೇ ಗೊತ್ತಾದದ್ದು.

"ಇನ್ನೊಂದ್ಸಲ," ಅಂದ ಕೊನೆಗೆ. "ಎಮಿಲ್, ಬಾಯಿಗೆ ಬಟ್ಟೆ ತುರುಕ್ಕೋ. ಕ್ಲಿಂಗರ್... ನೀವು ಹಾಗೇ ನಿಂತ್ಕೊಳ್ಳಿ. ಎಷ್ಟು ಹೊತ್ತು ನಿಲ್ತೀರಿ?"

ನೀನು ಹೋಗಿ ನೀವು ಆದದ್ದು ಫಿಲ್‌ನ ಕಿವಿಗೆ ಬಿತ್ತು. ಹೆಮ್ಮೆಯಿಂದ ಅವನ ಎದೆ ಉಬ್ಬಿತು.

"ಅದನ್ನ ಅವನಿಗೆ ಬಿಡಿ ಸ್ವಾಮಿ," ಅಂದ. "ನಗು ಎಷ್ಟುದ್ದ ಅಂತ ಅವನಿಗೆ ಗೊತ್ತು."

ಕೈ ಎತ್ತಿದ. ಈಗ ಅದು ಒಂದಿಷ್ಟೂ ಹಿಂಜರಿಯಲಿಲ್ಲ.

"ಕೆನ್ನೆ ಕೊಡೋ, ಒಟ್ಟೊ."