ಸೂಜಿ ಹರಳು

ಪ್ರಯೋಗಾಲಯದ ಬಾಗಿಲಿಗೆ ಬೀಗ ಹಾಕಿದ ಮೇಲೆ ಅದನ್ನು ಜಗ್ಗಿ ನೋಡುವುದು ಮೇಡಂ ಅವರ ಹಳೆಯ ಅಭ್ಯಾಸ. ಈಚೆಗೆ ಅದಕ್ಕೆ ಇನ್ನೊಂದು ಸೇರಿಕೊಂಡಿತ್ತು. ತಲೆಯಿಂದ ಒಂದು ಬಿಳಿಕೂದಲು ಕಿತ್ತು, ಎಂಜಲು ಹಚ್ಚಿ, ಬಾಗಿಲಿಗೂ ಚೌಕಟ್ಟಿಗೂ ಅಡ್ಡಲಾಗಿ ಅಂಟಿಸಿ ಮನೆಗೆ ಹೋಗುತ್ತಿದ್ದರು. ಬೆಳಿಗ್ಗೆ ಬಂದು ನೋಡಿದರೆ ಕೂದಲು ಇದ್ದಲ್ಲೇ ಇರುತ್ತಿತ್ತು. ಇದ್ದರೂ ಅವರಿಗೆ ಸಮಾಧಾನವಿಲ್ಲ. ಕಳ್ಳನ ಬಾಯಲ್ಲೂ ಎಂಜಲು ಇರುತ್ತದಲ್ಲ, ತಿರುಗಿ ಅಂಟಿಸಿರಬಹುದು ಎಂದುಕೊಳ್ಳುತ್ತಿದ್ದರು.

ಹಾಗಂತ ಏನೂ ಕಳುವಾಗಿರಲಿಲ್ಲ. ಬಾಟಲಿಗಳು, ತಕ್ಕಡಿ, ಸೂಕ್ಷ್ಮದರ್ಶಕ ಎಲ್ಲವೂ ಇದ್ದ ಜಾಗದಲ್ಲೇ ಇದ್ದವು. ಆದರೆ ಅವರ ಹರಳು ಹುಟ್ಟುವುದನ್ನು ನಿಲ್ಲಿಸಿಬಿಟ್ಟಿತ್ತು.

ಮೂರ್ಛೆ ರೋಗದ ಮಕ್ಕಳಿಗೆ ಕೊಡುವ ಆ ಔಷಧಿಯನ್ನು ಮೇಡಂ ತಮ್ಮ ಯೌವನದಲ್ಲಿ ಕಂಡುಹಿಡಿದಿದ್ದರು. ಬಿಸಿ ದ್ರಾವಣ ಆರುತ್ತಾ ಬಂದಾಗ ಫ್ಲಾಸ್ಕಿನ ಒಳಗೋಡೆಯನ್ನು ಗಾಜಿನ ಕಡ್ಡಿಯಿಂದ ಮೆಲ್ಲಗೆ ಕೆರೆಯಬೇಕು. ಕೆರೆದ ಗೀರಿನ ಗುಂಟ ನವಿರಾದ ಸೂಜಿಗಳು ಎದ್ದು ನಿಲ್ಲುತ್ತವೆ. ಆ ಸೂಜಿ ಹರಳು ಹೊಟ್ಟೆಗೆ ಹೋದ ಕೂಡಲೇ ಕರಗುತ್ತದೆ, ಮಗುವಿನ ಸೆಟೆದ ಕೈಕಾಲು ಸಡಿಲವಾಗುತ್ತವೆ. ಅದೇ ವಸ್ತು ಚಪ್ಪಟೆ ಹರಳಾಗಿ ಕೂತರೆ ಮಾತ್ರ ಏನೂ ಪ್ರಯೋಜನವಿಲ್ಲ. ಮರಳು ನುಂಗಿದ ಹಾಗೆ, ಬಂದ ದಾರಿಯಲ್ಲಿ ಹೋಗುತ್ತದೆ. ಇಟ್ಟಿಗೆ ಅವೇ, ಗೋಡೆ ಬೇರೆ ಎಂದು ಮೇಡಂ ವಿದ್ಯಾರ್ಥಿಗಳಿಗೆ ಹೇಳುತ್ತಿದ್ದರು.

ಔಷಧಿ ತಯಾರಿಸುವ ಕಾರ್ಖಾನೆಯಲ್ಲಿ ಇದ್ದಕ್ಕಿದ್ದಂತೆ ಚಪ್ಪಟೆ ಹರಳು ಬರತೊಡಗಿತು. ಮೇಡಂ ತಾವೇ ಹೋಗಿ ಪೀಪಾಯಿಯ ಮುಚ್ಚಳ ತೆಗೆಸಿ, ಪುಡಿಯನ್ನು ಬೆರಳಲ್ಲಿ ಉಜ್ಜಿ ನೋಡಿ, ಸ್ವೆಟರಿನ ತೋಳಿಗೆ ಒರೆಸಿಕೊಂಡು, ಇದು ಬರೀ ಅಸಡ್ಡೆ ಕೆಲಸ, ನನ್ನಲ್ಲಿಗೆ ಬನ್ನಿ ಮಾಡಿ ತೋರಿಸುತ್ತೇನೆ ಎಂದು ಎಲ್ಲರೆದುರು ಹೇಳಿ ಬಂದಿದ್ದರು. ಬಂದು ಮಾಡಿದರೆ ಅವರ ಫ್ಲಾಸ್ಕಿನಲ್ಲೂ ಚಪ್ಪಟೆ ಹರಳು. ಮರುದಿನ ಅದೇ, ಮರುವಾರ ಅದೇ. ಕಾರ್ಖಾನೆಯವರು ಈಗ ಬೇರೆ ರಾಗ ಎಳೆಯತೊಡಗಿದ್ದರು. ಸೂಜಿ ಹರಳು ಯಾವತ್ತಾದರೂ ಸರಿಯಾಗಿ ಬರುತ್ತಿತ್ತೋ, ಇಲ್ಲ ಕಾಗದದ ಮೇಲಷ್ಟೇ ಬಂದಿತ್ತೋ ಎಂದು. ಇಬ್ಬರು ಪರೀಕ್ಷಕರು ಬಂದು ಕಣ್ಣೆದುರು ನೋಡುವುದೆಂದು ನಿಶ್ಚಯವಾಯಿತು. ಅವರೆದುರು ಸೂಜಿ ಏಳದಿದ್ದರೆ ಔಷಧಿ ನಿಲ್ಲುತ್ತದೆ, ಅದರ ಜೊತೆಗೆ ಮೇಡಂ ಅವರ ಜೀವಮಾನದ ಮಾತೂ ಸುಳ್ಳಾಗುತ್ತದೆ.

ಮೇಡಂ ಅವರ ಅನುಮಾನ ಸೀದಾ ಹೋಗಿ ಕೂತದ್ದು ತಕ್ಕಡಿಯ ಮೇಲೆ.

ತಕ್ಕಡಿ ಅವರ ಹಿರಿಯ ಶಿಷ್ಯ. ಒಂದೊಂದು ಮಾತನ್ನೂ ತೂಗಿ ಆಡುತ್ತಾನೆಂದು ಅವರೇ ಇಟ್ಟ ಹೆಸರು. ಕಾಲೇಜು ಮುಗಿಸಿ ಬಂದವನು ಅವರ ಕೈಕೆಳಗೇ ಡಾಕ್ಟರೇಟ್ ಪಡೆದು ಅವರ ಪಕ್ಕದ ಮೇಜಿನಲ್ಲೇ ತಲೆ ನರೆಸಿಕೊಂಡಿದ್ದ. ಅಂಥವನು ಈಗ ಬದಲಾಗಿದ್ದ. ದಟ್ಟ ಮೀಸೆಯನ್ನು ಬೋಳಿಸಿಕೊಂಡು, ಕೂದಲನ್ನು ನೆತ್ತಿ ಕಾಣುವಷ್ಟು ಕತ್ತರಿಸಿಕೊಂಡು ಬಂದ. ವಾರವಿಡೀ ಒಂದೇ ಅಂಗಿ ಹಾಕುತ್ತಿದ್ದವನ ಮೈಮೇಲೆ ಹೊಸ ಅಂಗಿಗಳು ಕಾಣಿಸತೊಡಗಿದವು. ಫೋನು ಬಂದರೆ ಮೆಟ್ಟಿಲ ಹತ್ತಿರ ಹೋಗಿ ಬಾಯಿಗೆ ಕೈ ಅಡ್ಡ ಹಿಡಿದು ಮಾತಾಡುತ್ತಿದ್ದ. ಮೇಡಂ ಕೋಣೆಯಲ್ಲಿ ಚಹಾ ಕುಡಿಯುವುದನ್ನು ಬಿಟ್ಟ. ಅವರು ಹತ್ತಿರ ಬಂದರೆ ಎರಡು ಹೆಜ್ಜೆ ಹಿಂದೆ ಸರಿಯುತ್ತಿದ್ದ. ಒಂದು ಸಂಜೆಯಂತೂ ಉಗ್ರಾಣದಿಂದ ಇನ್ನೂ ಬಿಚ್ಚದ ಹೊಸ ಗಾಜಿನ ಸಾಮಾನಿನ ಪೆಟ್ಟಿಗೆಯನ್ನೇ ಹೊತ್ತುಕೊಂಡು ಹಿಂಬಾಗಿಲಿನಿಂದ ಹೊರಟುಹೋದದ್ದನ್ನು ಅವರು ಕಿಟಕಿಯಿಂದ ಕಣ್ಣಾರೆ ಕಂಡರು.

ಮನೆಯಲ್ಲಿ ತಂಗಿಯ ಹತ್ತಿರ ಇದನ್ನೆಲ್ಲ ಹೇಳಿಕೊಂಡಾಗ ಆಕೆ ನಕ್ಕುಬಿಟ್ಟಳು.

"ಮೀಸೆ ತೆಗೆದ ಅಂತ ಒಬ್ಬನ ಮೇಲೆ ಕೇಸ್ ಹಾಕ್ತೀಯೇನಕ್ಕ? ಹಂಗಾದ್ರೆ ಊರಲ್ಲಿ ಅರ್ಧ ಗಂಡಸರು ಒಳಗಿರಬೇಕಿತ್ತು."

"ನಿನಗೆ ಗೊತ್ತಾಗಲ್ಲ ಸುಮ್ನಿರು. ಕಾರ್ಖಾನೆಯವರು ಅವನನ್ನ ಬುಟ್ಟಿಗೆ ಹಾಕ್ಕೊಂಡಿದಾರೆ."

"ನೀನು ನನ್ನ ಮೇಲೂ ಅನುಮಾನ ಪಡೋಳು. ಹೋದ ವಾರ ಸ್ವೆಟರ್ ಒಗೀತೀನಿ ಕೊಡು ಅಂದ್ರೆ, ಯಾಕೆ ಏನ್ ವಿಷಯ ಅಂತ ಕೇಳಿದೆ."

ಆ ಬೂದುಬಣ್ಣದ ಸ್ವೆಟರನ್ನು ಹೆಣೆದವಳು ತಂಗಿಯೇ. ಮೇಡಂ ಮೊದಲ ಬಾರಿ ಪ್ರಯೋಗಾಲಯಕ್ಕೆ ಕಾಲಿಟ್ಟಾಗ ಇಡೀ ತಂಡದಲ್ಲಿ ಹೆಂಗಸೆಂದರೆ ಅವರೊಬ್ಬರೇ. ಹುಡುಗಿ, ಗಾಜು ಒಡೆಯುತ್ತಾಳೆ ಎಂದು ನೀರಿನ ತೊಟ್ಟಿಯ ಪಕ್ಕದ ಥಂಡಿ ಮೂಲೆಯನ್ನು ಅವರಿಗೆ ಕೊಟ್ಟಿದ್ದರು. ಆ ಮೂಲೆಗಾಗಿ ಹುಟ್ಟಿದ ಸ್ವೆಟರ್ ಅದು. ಅದೇ ಮೂಲೆಯಲ್ಲಿ ಕೂತು ಅವರು ಮೊದಲ ಸೂಜಿಯನ್ನು ಎಬ್ಬಿಸಿದರು. ಅದನ್ನು ಸಹೋದ್ಯೋಗಿಯೊಬ್ಬನಿಗೆ ಸಂಭ್ರಮದಿಂದ ತೋರಿಸಿದರು. ಆತ ಅದನ್ನು ದೊಡ್ಡ ಸಭೆಯಲ್ಲಿ ತನ್ನದೆಂದು ಓದಿಬಿಟ್ಟ. ಕೊನೆಯ ಸಾಲಿನ ಕುರ್ಚಿಯಲ್ಲಿ ಕೂತು, ಜನ ಚಪ್ಪಾಳೆ ತಟ್ಟುವುದನ್ನು ಕೇಳುತ್ತಾ ಅವರು ಸ್ವೆಟರಿನ ತೋಳನ್ನು ಹಲ್ಲಲ್ಲಿ ಕಚ್ಚಿ ಹಿಡಿದಿದ್ದರು. ಹೋದ ಹೆಸರನ್ನು ವಾಪಸ್ಸು ಪಡೆಯಲು ವರ್ಷಗಳೇ ಹಿಡಿದವು. ಆಮೇಲೆ ಪದಕಗಳು ಬಂದವು, ಶಾಲು ಬಂದವು, ದೊಡ್ಡ ಕೋಣೆಯೂ ಬಂತು. ಆದರೆ ಅಂದಿನಿಂದ ತಮ್ಮ ಕಣ್ಣಿಂದ ನೋಡದ ಯಾವ ಹರಳನ್ನೂ ಅವರು ನಂಬಲಿಲ್ಲ. ಶಿಷ್ಯರು ಏನು ತಂದರೂ ಒಂದೇ ಮಾತು: ಇಲ್ಲಿ ಕೊಡು, ನಾನು ನೋಡ್ತೀನಿ. ನೋಡಿದ ಮೇಲೆ ಹರಳು ಎತ್ತಿದ ಚಮಚವನ್ನು ಎಡತೋಳಿಗೆ ಒರೆಸುವುದು. ಬೇರೆ ಯಾರಾದರೂ ಹೀಗೆ ಮಾಡಿದ್ದರೆ ಅವರೇ ಉಗಿಯುತ್ತಿದ್ದರು. ಅವರದನ್ನು ಕೇಳುವ ಎದೆ ಯಾರಿಗೂ ಇರಲಿಲ್ಲ. ಶಿಷ್ಯರಂತೂ ಅದೇ ಒಂದು ವಿದ್ಯೆಯೆಂಬಂತೆ ತಾವೂ ತೋಳಿಗೆ ಒರೆಸುವುದನ್ನು ಕಲಿತಿದ್ದರು.

ಪರೀಕ್ಷಕರು ಬರುವುದಕ್ಕೆ ಕೆಲವೇ ದಿನ ಉಳಿದಿತ್ತು. ತಕ್ಕಡಿಯನ್ನು ಪ್ರಯೋಗಾಲಯದಿಂದ ಹೊರಗಿಡಬೇಕೆಂದು ನಿರ್ದೇಶಕರಿಗೆ ಹೇಳುವುದೆಂದು ಮೇಡಂ ತೀರ್ಮಾನಿಸಿಕೊಂಡು ಬಂದರು. ಬಂದವರೇ ತಮ್ಮ ಕೋಣೆಯ ಗೂಟಕ್ಕೆ ಕೈ ಹಾಕಿದರೆ, ಹಿಂದಿನ ಸಂಜೆ ಅಲ್ಲೇ ಮರೆತು ಹೋಗಿದ್ದ ಸ್ವೆಟರ್ ಇಲ್ಲ.

ಹುಡುಕುವುದಕ್ಕೇನೂ ಕಷ್ಟವಾಗಲಿಲ್ಲ. ಮನಸ್ಸು ಮೊದಲೇ ದಾರಿ ತೋರಿಸಿತ್ತು. ತಕ್ಕಡಿಯ ಕಪಾಟನ್ನು ತೆರೆದರೆ, ಪ್ಲಾಸ್ಟಿಕ್ ಚೀಲದಲ್ಲಿ ಬಾಯಿ ಬಿಗಿದು ಕಟ್ಟಿದ ಬೂದು ಗಂಟು ಕೆಳಗಿನ ಹಲಗೆಯಲ್ಲಿತ್ತು. ಅವರು ಅದನ್ನು ಮೇಜಿನ ಮೇಲೆ ಇಟ್ಟುಕೊಂಡು ಅವನಿಗಾಗಿ ಕಾದು ಕೂತರು. ಅವನು ಕೈಚೀಲ ಹಿಡಿದು ಒಳಗೆ ಬಂದ. ಗಂಟನ್ನು ಕಂಡು ಬಾಗಿಲಲ್ಲೇ ನಿಂತ.

"ನನ್ನ ಸ್ವೆಟರ್ ನಿನ್ನ ಕಪಾಟಿನಲ್ಲಿ ಯಾಕಿತ್ತು?"

"ಒಗೆಯೋಕೆ ಕೊಡೋಣ ಅಂತ, ಮೇಡಂ."

"ನಾನು ನಿನ್ನ ಕೈಲಿ ಯಾವತ್ತಾದ್ರೂ ಬಟ್ಟೆ ಒಗೆಸಿದೀನಾ?"

"ಇಲ್ಲ."

"ಮತ್ತೆ? ನನ್ನನ್ನ ಯಾರಿಗೆ ಮಾರ್ಕೊಂಡಿದೀಯ, ಅದನ್ನಾದ್ರೂ ಹೇಳು."

ತಕ್ಕಡಿ ಒಳಗೆ ಬಂದು ಬಾಗಿಲು ಮುಂದೆ ಮಾಡಿದ. ಆಮೇಲೆ, ಇಷ್ಟು ವರ್ಷಗಳಲ್ಲಿ ಮೊದಲ ಸಲ, ಅವರು ಹೇಳದೆಯೇ ಅವರೆದುರಿನ ಸ್ಟೂಲಿನ ಮೇಲೆ ಕೂತ.

"ಬೈಯೋದಾದ್ರೆ ಆಮೇಲೆ ಬೈಯಿರಿ ಮೇಡಂ. ಮೊದಲು ಇದನ್ನ ನೋಡಿ."

ಕೈಚೀಲದಿಂದ ಬಿರಡೆ ಬಿಗಿದ ಎರಡು ಫ್ಲಾಸ್ಕ್ ತೆಗೆದಿಟ್ಟ. ಊರಿನ ಆ ತುದಿಯ ಕಾಲೇಜಿನಲ್ಲಿ ಗೆಳೆಯನೊಬ್ಬನ ಪ್ರಯೋಗಾಲಯವಿದೆ, ಎರಡನ್ನೂ ಅಲ್ಲೇ, ಉಗ್ರಾಣದಿಂದ ಒಯ್ದ ಹೊಸ ಗಾಜಿನಲ್ಲಿ ಮಾಡಿದ್ದು ಎಂದ. ಒಂದರಲ್ಲಿ ತಿಳಿಯಾದ ದ್ರಾವಣವಷ್ಟೇ ಇತ್ತು. ಅವನು ಅದರ ಬಿರಡೆ ತೆಗೆದು, ಗಂಟು ಬಿಚ್ಚಿ, ಸ್ವೆಟರಿನ ಎಡತೋಳನ್ನು ಅದರ ಬಾಯಿಯ ಮೇಲೆ ಮೆಲ್ಲಗೆ ತಟ್ಟಿದ. ತಟ್ಟಿ ಕೈ ತೆಗೆಯುವಷ್ಟರಲ್ಲಿ ದ್ರಾವಣ ಮಸುಕಾಯಿತು. ತಳದಲ್ಲಿ ಚಪ್ಪಟೆ ಹರಳುಗಳು ಮೀನಿನ ಹುರುಪೆಯಂತೆ ಮಿನುಗುತ್ತಾ ಒಂದರ ಮೇಲೊಂದು ಇಳಿದು ಕೂತವು.

ಇನ್ನೊಂದನ್ನು ಅವನು ತೆರೆಯಲಿಲ್ಲ. ಹೊರಗಿನಿಂದಲೇ ನೋಡಿ ಎಂದು ಮುಂದೆ ತಳ್ಳಿದ. ಮೇಡಂ ಭೂತಗನ್ನಡಿ ಹಿಡಿದು ಬಗ್ಗಿದರು. ಗಾಜಿನ ಒಳಗೋಡೆಯ ಗೀರಿನ ಗುಂಟ ಸೂಜಿಗಳು ನಿಂತಿದ್ದವು.

ಹೇಳಿಕೊಡಬೇಕಾದ್ದು ಏನೂ ಉಳಿದಿರಲಿಲ್ಲ. ಹರಳಿಗೂ ಬೀಜವಿರುತ್ತದೆ, ಕಣ್ಣಿಗೆ ಕಾಣದ ಒಂದು ಕಣ ಸಾಕು, ಅದು ಬಿದ್ದ ದ್ರಾವಣವೆಲ್ಲ ಅದರದೇ ರೂಪ ತಾಳುತ್ತದೆ ಎಂಬ ಪಾಠವನ್ನು ಅವರೇ ಎಷ್ಟು ತಂಡಗಳಿಗೆ ಮಾಡಿದ್ದರೋ. ಕಾರ್ಖಾನೆಯ ಪೀಪಾಯಿ, ಬೆರಳಿನ ಪುಡಿ, ಒರೆಸಿಕೊಂಡ ತೋಳು ಎಲ್ಲ ಒಂದರ ಹಿಂದೊಂದು ನೆನಪಾಯಿತು. ಕೆಟ್ಟ ಬೀಜವನ್ನು ಅವರೇ ತೊಟ್ಟುಕೊಂಡು ಬಂದಿದ್ದರು. ದಿನಾ ಬಾಗಿಲಿಗೆ ಬೀಗ ಹಾಕಿ, ಮಾರನೆಯ ದಿನ ಕಳ್ಳನನ್ನು ತಾವೇ ಒಳಗೆ ಕರೆತರುತ್ತಿದ್ದರು.

"ಮೊದಲೇ ಯಾಕೆ ಹೇಳ್ಲಿಲ್ಲ?"

"ನಿಮ್ಮಿಂದಲೇ ಕೆಡ್ತಿದೆ ಅಂತ ನಿಮ್ಮ ಮುಖಕ್ಕೆ ಹೇಗೆ ಹೇಳೋದು ಮೇಡಂ? ಖಚಿತ ಆಗೋತನಕ ಬಾಯಿ ಬಿಡಬೇಡ ಅಂತ ನೀವೇ ಕಲಿಸಿದ್ದು."

"ಮೀಸೆ?"

"ಮೀಸೆಯಲ್ಲೂ ಕೂತಿರುತ್ತಲ್ಲ. ಮೊದಲ ಎರಡು ಸಲ ಅಲ್ಲೂ ಕೆಡ್ತು, ಕೋಣೆನೇ ಬದಲಾಯಿಸಬೇಕಾಯ್ತು. ಈಗ ಅಲ್ಲಿಗೆ ಹೋಗೋವಾಗ ಸ್ನಾನ ಮಾಡಿ, ಹೊಸ ಅಂಗಿ ಹಾಕ್ಕೊಂಡು ಹೋಗ್ತೀನಿ. ಹೆಂಡತಿ ಬೇರೆ ಏನೋ ಅಂದ್ಕೊಂಡು ಒಂದು ವಾರ ಮಾತು ಬಿಟ್ಟಿದ್ಲು."

ನಗು ಬರಬೇಕಾದ ಮಾತು, ಇಬ್ಬರಿಗೂ ಬರಲಿಲ್ಲ. ಮೇಡಂ ಕೈ ಅಭ್ಯಾಸಬಲದಿಂದ ಸ್ವೆಟರಿನ ಕಡೆ ಹೋಗಿ, ಮೇಜಿನ ಅಂಚಿನಲ್ಲಿ ನಿಂತಿತು. ತಾವೂ ಹಾಗೆಯೇ ಸ್ನಾನ ಮಾಡಿ ಬಂದರೆ ಆಗುವುದಿಲ್ಲವೇ ಎಂದು ಅವರು ಕೇಳಿದರು. ಆ ದನಿ ಅವರದೇ ಎಂದು ಅವರಿಗೇ ಅನ್ನಿಸಲಿಲ್ಲ, ಅಷ್ಟು ಸಣ್ಣದಾಗಿತ್ತು. ತಕ್ಕಡಿ ಬೇಡ ಎನ್ನಲಿಲ್ಲ. ಅವರ ಕನ್ನಡಕದ ದಾರವನ್ನು, ಸೊಂಟದವರೆಗಿನ ಜಡೆಯನ್ನು ಒಮ್ಮೆ ನೋಡಿದ, ಅಷ್ಟೇ. ಗೆಳೆಯನ ಆ ಕೋಣೆಗೆ ಒಂದೇ ಒಂದು ಕಣ ಹೊಕ್ಕರೂ ಅದೂ ಕೆಟ್ಟುಹೋಯಿತು. ಸೂಜಿ ಏಳುವ ಜಾಗ ಇನ್ನೆಲ್ಲೂ ಇರುವುದಿಲ್ಲ.

"ಹಾಗಾದ್ರೆ ನಾನು ಒಳಗೆ ಬರಲ್ಲ," ಎಂದರು ಮೇಡಂ. "ನೀನೇ ಮಾಡು."

ನಿಗದಿಯಾದ ದಿನ ಮೇಡಂ ಆ ಕಾಲೇಜಿನ ಕಾರಿಡಾರಿನಲ್ಲಿ, ಮುಚ್ಚಿದ ಗಾಜಿನ ಕಿಟಕಿಯ ಈಚೆ ನಿಂತಿದ್ದರು. ಸ್ವೆಟರಿಲ್ಲದ ತೋಳುಗಳು ಯಾರದೋ ತೋಳುಗಳಂತೆ ಜೋತುಬಿದ್ದಿದ್ದವು. ಆಚೆ ತಕ್ಕಡಿ ದ್ರಾವಣ ಕಾಸಿದ, ಸೋಸಿದ, ಆರಲು ಬಿಟ್ಟ. ಅಕ್ಕಪಕ್ಕದಲ್ಲಿ ಇಬ್ಬರು ಪರೀಕ್ಷಕರು ಕೈಕಟ್ಟಿ ನಿಂತಿದ್ದರು. ಮೇಡಂ ಒಳಗಿನ ಹುಳು ಸುಮ್ಮನಿರಲಿಲ್ಲ. ಇದೆಲ್ಲ ನಾಟಕವಾಗಿದ್ದರೆ? ನನ್ನನ್ನು ಹೊರಗೆ ನಿಲ್ಲಿಸಿ ಅಲ್ಲಿ ಚಪ್ಪಟೆ ಹರಳು ಮಾಡಿ ತೋರಿಸಿದರೆ? ತೋಳಿನಿಂದ ಬಿದ್ದದ್ದು ಫ್ಲಾಸ್ಕಿನಲ್ಲಿ ಮೊದಲೇ ಇದ್ದಿದ್ದರೆ? ಬಾಗಿಲು ಮೂರು ಹೆಜ್ಜೆಯ ದೂರದಲ್ಲಿತ್ತು. ಬೀಗವೂ ಇರಲಿಲ್ಲ.

ತಕ್ಕಡಿ ಗಾಜಿನ ಕಡ್ಡಿ ಹಾಕಿ ಮೆಲ್ಲಗೆ ಕೆರೆದ. ಕಡ್ಡಿಯನ್ನು ಹೊರತೆಗೆದು, ಗೊತ್ತಿಲ್ಲದೆಯೇ ತನ್ನ ಎಡತೋಳಿನ ಕಡೆ ಒಯ್ದ. ಕೈ ಅರ್ಧದಲ್ಲೇ ನಿಂತಿತು. ಪಕ್ಕದಲ್ಲಿದ್ದ ಕಾಗದ ತೆಗೆದು ಒರೆಸಿದ. ಅವರ ಕೈಯೇ ಅಲ್ಲಿ ಒಳಗಿದ್ದು, ಅವರದೇ ತಪ್ಪನ್ನು ಮಾಡಹೊರಟು ತಿದ್ದಿಕೊಂಡಂತಿತ್ತು. ಮೇಡಂ ಬಾಗಿಲಿನ ಕಡೆ ಹೊರಳಿದ್ದ ಪಾದವನ್ನು ಹಿಂದಕ್ಕೆ ತಂದುಕೊಂಡರು.

ಅವನು ಫ್ಲಾಸ್ಕನ್ನು ಕಿಟಕಿಯ ಹತ್ತಿರ ತಂದು ಎತ್ತಿ ಹಿಡಿದ. ಎರಡು ಗಾಜುಗಳ ಆಚೆ ಏನೋ ಬೆಳ್ಳಗೆ ಕಂಡಿತು. ಸೂಜಿಯೋ ಹುರುಪೆಯೋ ಅವರ ಕಣ್ಣಿಗೆ ನಿಲುಕಲಿಲ್ಲ. ತಕ್ಕಡಿ ಒಂದು ಬೆರಳನ್ನು ಸೂಜಿಯಂತೆ ನೆಟ್ಟಗೆ ಎತ್ತಿ ತೋರಿಸಿದ.

ಸ್ವಲ್ಪ ಹೊತ್ತಿಗೆ ಹಿರಿಯ ಪರೀಕ್ಷಕರು ಹೊರಗೆ ಬಂದರು. ಕೈಯಲ್ಲಿ ಪರೀಕ್ಷೆಯ ವರದಿ ಹಿಡಿದಿದ್ದರು. ಸಹಿ ಹಾಕುವುದಕ್ಕೆ ಮುಂಚೆ ಮೇಡಂ ಒಂದು ಸಲ ಸೂಕ್ಷ್ಮದರ್ಶಕದಲ್ಲಿ ನೋಡಬಹುದಲ್ಲ, ಬಾಗಿಲಿಗೇ ತರಿಸುತ್ತೇನೆ ಎಂದರು.

"ಬೇಡ," ಎಂದರು ಮೇಡಂ. "ಅವನು ನೋಡಿದಾನಲ್ಲ."