ಖಳನ ಕಾಲಿನ ಬೂಟು

ನಾನು ಒಂದು ಜೊತೆ ಬೂಟು. ಮೆಕ್ಸಿಕೋ ದೇಶದ ಲಿಯಾನ್ ಪಟ್ಟಣದಲ್ಲಿ ಒಬ್ಬ ಸಿನಿಮಾ ನಾಯಕನಿಗೆಂದು ನನ್ನನ್ನು ಹೊಲಿದರು. ಆದರೆ ಅವನ ಪಾದ ನನ್ನೊಳಗೆ ಇಳಿಯಲೇ ಇಲ್ಲ. "ಬಿಗಿ! ತೆಗೆದು ಆಚೆ ಹಾಕಿ," ಎಂದು ರೇಗಿದ. ವೇಷಭೂಷಣದ ಹೆಂಗಸು ನನ್ನನ್ನು ಪಕ್ಕದಲ್ಲಿದ್ದ ತೆಳ್ಳನೆಯ ನಟನ ಕೈಗೆ ಕೊಟ್ಟಳು. ಅವನೇ ಫಿದೆನ್ಸಿಯೊ ಓಲ್ಮೆದೊ.

ಅವನು ಪೋಷಕ ನಟ. ದರೋಡೆಕೋರ, ಜಮೀನ್ದಾರನ ಬಂಟ, ಜೈಲರು, ಹೀಗೆ ಹೆಚ್ಚಾಗಿ ಖಳನ ಪಾತ್ರಗಳು. ಕ್ಯಾಮೆರಾ ಮೊದಲು ನನ್ನನ್ನು ತೋರಿಸಿ, ಆಮೇಲೆ ಅವನ ಮುಖಕ್ಕೆ ಏರುತ್ತಿತ್ತು. ಸಿನಿಮಾ ಮುಗಿಯುವುದರೊಳಗೆ ನಾವು ಸಾಯಲೇಬೇಕು. ಮಣ್ಣಿನಲ್ಲಿ ಬಿದ್ದಿರುತ್ತಿದ್ದೆವು, "ಕಟ್" ಎಂದೊಡನೆ ಎದ್ದು, ಧೂಳು ಕೊಡವಿಕೊಂಡು ಊಟಕ್ಕೆ ಹೋಗುತ್ತಿದ್ದೆವು.

ಒಮ್ಮೆ ಏಳಲಾಗಲಿಲ್ಲ. ದುರಾಂಗೊದ ಬಯಲಿನಲ್ಲಿ ಕುದುರೆ ಮುಗ್ಗರಿಸಿ ಅವನ ಬಲಗಾಲಿನ ಮೇಲೆ ಬಿತ್ತು. ಪಾದ ನನ್ನೊಳಗೇ ಊದಿಕೊಂಡಿತು. ವೈದ್ಯ ಕತ್ತರಿ ತೆಗೆದ.

"ಬೂಟು ಕತ್ತರಿಸ್ಬೇಡಿ. ಕೆಲ್ಸಕ್ಕೆ ಬೇಕು. ನಿಧಾನಕ್ಕೆ ಎಳೀರಿ, ನೋವು ನಾನು ತಡ್ಕೋತೀನಿ," ಎಂದ ಫಿದೆನ್ಸಿಯೊ.

ಮೂಳೆ ಕೂಡಿತು, ಆದರೆ ಕಾಲು ಗಿಡ್ಡವಾಯಿತು. ಸ್ಟುಡಿಯೊದಿಂದ ಕರೆ ಬರುವುದು ನಿಂತಿತು. ದಿನವೂ ಬೆಳಿಗ್ಗೆ ಅವನು ನನ್ನನ್ನು ಹಾಕಿಕೊಂಡು ಅಂಗಳದಲ್ಲಿ ನಡೆಯುತ್ತಿದ್ದ. ಹೆಂಡತಿ ಹಸಿಂತಾ ನೋಡಲಾರದೆ, "ಸಾಕು ಮಾಡಿ, ಮೈಯೆಲ್ಲ ಬೆವರು," ಎನ್ನುತ್ತಿದ್ದಳು.

"ಕುಂಟೋದು ಹೋಗಲ್ಲ ಹಸಿಂತಾ. ಹೋಗದಿದ್ರೆ ಬೇಡ. ಕುಂಟೋದನ್ನೇ ಚೆನ್ನಾಗಿ ಕಲೀತೀನಿ."

ಕಲಿತ ಮೇಲೆ, ಯಾರೂ ಕರೆಯದಿದ್ದರೂ ಸ್ಟುಡಿಯೊಗೆ ಹೋದ. ನಿರ್ದೇಶಕ ರೊಸೆಂದೊ ಮುಖ ಸಣ್ಣಗೆ ಮಾಡಿಕೊಂಡು ಕೇಳಿದ: "ನಿನ್ನ ಕೈಲಿ ಓಡೋಕಾಗುತ್ತೇನಯ್ಯ?"

"ಇಲ್ಲ ಸರ್. ನಡ್ಕೊಂಡು ಬರ್ತೀನಿ. ಅಲ್ಲೀವರೆಗೂ ನಿಮ್ಮ ಹೀರೋ ಹೆದರ್ಕೊಂಡು ಕಾಯ್ಲಿ."

ಹೇಳಿ, ಬಾಗಿಲಿನಿಂದ ಮೇಜಿನವರೆಗೆ ನಡೆದ. ಎಡಗಾಲು ಧಡ್ ಎಂದು ಊರಿತು, ಬಲಗಾಲು ಸರ್‍ರೆಂದು ಎಳೆದುಕೊಂಡು ಬಂತು. ದೀಪ ಜೋಡಿಸುತ್ತಿದ್ದವರು ತಿರುಗಿ ನೋಡಿದರು. ರೊಸೆಂದೊ ಎದ್ದು ನಿಂತು, "ಇನ್ನೊಂದ್ಸಲ ನಡಿ," ಎಂದ.

ಆಮೇಲೆ ನಮಗೆ ಬಿಡುವೇ ಇರಲಿಲ್ಲ. ಅವನ ತಲೆ ಬೆಳ್ಳಗಾಯಿತು, ನನ್ನ ಅಟ್ಟೆ ಎಷ್ಟೋ ಸಲ ಬದಲಾಯಿತು. ಕೊನೆಯ ಸಿನಿಮಾ ನೋಡಲು ಗಂಡ ಹೆಂಡತಿ ಬಡಾವಣೆಯ ಚಿತ್ರಮಂದಿರಕ್ಕೆ ಹೋದರು. ತೆರೆಯ ಮೇಲೆ ನಮ್ಮ ಹೆಜ್ಜೆಯ ಸದ್ದು ಕೇಳಿದ ಕೂಡಲೇ ಹಿಂದಿನ ಸಾಲಿನ ಹೆಂಗಸು ಗೆಳತಿಯನ್ನು ತಿವಿದಳು.

"ಬಂದ ನೋಡೇ ಕುಂಟ! ಇನ್ನು ಸಿನಿಮಾ ಸುರು."

"ಹೆಸರೇನೇ ಅವನ್ದು?"

"ಯಾರಿಗ್ಗೊತ್ತು. ಅವನಿದ್ರೆ ನಾನು ಮಧ್ಯ ಎದ್ದು ಹೋಗಲ್ಲ ಅಷ್ಟೇ."

ಹಸಿಂತಾ ಹೆಸರು ಹೇಳಲು ತಿರುಗಿದಳು. ಅವನು ಕೈ ಹಿಡಿದು ತಡೆದ. ನನ್ನೊಳಗೆ ಅವನ ಬೆರಳುಗಳು ಒಮ್ಮೆ ಅರಳಿ ಮಡಿಸಿಕೊಂಡವು.

ಅವನು ತೀರಿಕೊಂಡು ಬಹಳ ಕಾಲವಾಗಿದೆ. ನಾನೀಗ ಕಪಾಟಿನ ಪಕ್ಕದಲ್ಲಿದ್ದೇನೆ. ಎಡ ಬೂಟು ನೆಟ್ಟಗಿದೆ, ಬಲ ಬೂಟು ಸವೆದು ವಾಲಿದೆ. ಅವನ ಹೆಸರನ್ನು ಜನ ಮರೆತರೆ ಮರೆಯಲಿ. ಅವನು ಊರಿದ ಒಂದು ಹೆಜ್ಜೆಯೂ ಸುಳ್ಳಲ್ಲವೆಂದು ನನಗೆ ಗೊತ್ತು. ಮೊನ್ನೆ ಪಕ್ಕದ ಮನೆಯವಳು, "ಈ ಹಳೇ ಬೂಟು ಯಾಕಿಟ್ಕೊಂಡಿದ್ದೀರಿ?" ಎಂದು ಕೇಳಿದಳು.

ಹಸಿಂತಾ ಶಾಲಿನ ತುದಿಯಿಂದ ನನ್ನ ಮೇಲಿನ ಧೂಳು ಒರೆಸಿದಳು.

"ಹಳೇವಲ್ಲಮ್ಮ ಇವು. ದುಡಿದವು."